ಕುಡಿಯುವ ಸೇವಂತಿಗೆ

ಎಲ್ಲರಿಗೂ ನಮಸ್ಕಾರ.

ಸೇವಂತಿಗೆ ಅಂದರೆ ನಮಗೆ ಮೊಳದ ಲೆಕ್ಕ, ಮಾರಿನ ಲೆಕ್ಕ, ಅಲ್ವಾ? ಹಬ್ಬದ ಹಿಂದಿನ ದಿನ ಮಾರುಕಟ್ಟೆಗೆ ಹೋಗಿ ಚೌಕಾಸಿ ಮಾಡಿ ತರುತ್ತೇವೆ. ದೇವರಿಗೆ ಏರಿಸುತ್ತೇವೆ, ಬಾಗಿಲಿಗೆ ಕಟ್ಟುತ್ತೇವೆ. ಚೀನಾದಲ್ಲಿ ಇದೇ ಹೂವನ್ನು ಔಷಧಿ ಅಂಗಡಿಯವರು ಒಣಗಿಸಿ, ಗ್ರಾಂ ಲೆಕ್ಕದಲ್ಲಿ ತೂಗಿ ಕೊಡುತ್ತಾರೆ. ಅಲ್ಲಿ ಇದರ ಹೆಸರು ಜೂಹ್ವಾ. ದಿನಕ್ಕೆ 5ರಿಂದ 10 ಗ್ರಾಂ ಸಾಕು ಅಂತ ಅಲ್ಲಿನ ಸರ್ಕಾರದ ಔಷಧ ಕೋಶವೇ ಹೇಳುತ್ತದೆ.

ಆದರೆ ಸುಮ್ನೆ ಸೇವಂತಿಗೆ ಕೊಡಿ ಅಂತ ಕೇಳಿದರೆ ಅಲ್ಲಿ ಕೆಲಸ ಆಗುವುದಿಲ್ಲ. ಯಾವ ಊರಿನದು, ಹೇಗೆ ಒಣಗಿಸಿದ್ದು, ಬಿಳಿಯೋ ಹಳದಿಯೋ, ಕುಡಿಯುವವರ ಮೈ ಎಂಥದು, ಇಷ್ಟೂ ಗೊತ್ತಾಗಬೇಕು. ನನಗೆ ಈ ಹೂವಿನ ಮೇಲೆ ಪ್ರೀತಿ ಹುಟ್ಟಿದ್ದೇ ಈ ಎಚ್ಚರಿಕೆಯಿಂದ.

ಊರುಗಳಿಂದಲೇ ಶುರು ಮಾಡೋಣ. ಅನ್‌ಹುಯಿ ಪ್ರಾಂತ್ಯದ ಬೋಝೌ ಕಡೆಯ ಹೂವನ್ನು ನೆರಳಿನಲ್ಲಿ ಒಣಗಿಸುತ್ತಾರೆ. ಅದೇ ಪ್ರಾಂತ್ಯದ ಹುವಾಂಗ್‌ಷಾನ್ ಬೆಟ್ಟದ ಸೀಮೆಯದನ್ನು ಬೆಂಕಿಯ ಕಾವಿನಲ್ಲಿ ಒಣಗಿಸುತ್ತಾರೆ. ಝೇಜಿಯಾಂಗ್ ಪ್ರಾಂತ್ಯದ ಟಾಂಗ್‌ಶಿಯಾಂಗ್‌ನದು ಇನ್ನೊಂದು ಬಗೆ. ಶರತ್ಕಾಲದಲ್ಲಿ ಕೊಯ್ದ ಬಿಳಿ ಹೂವನ್ನು ತಟ್ಟೆಯಲ್ಲಿ ಹರಡಿ, ನಾವು ಇಡ್ಲಿ ಬೇಯಿಸುವ ಹಾಗೆ ಕೆಲವೇ ನಿಮಿಷ ಹಬೆಯಲ್ಲಿ ಇಟ್ಟು, ಆಮೇಲೆ ಬಿಸಿಲಿಗೆ ಹಾಕುತ್ತಾರೆ. ಹಬೆ ಜಾಸ್ತಿಯಾದರೆ ಹೂವು ಮುದ್ದೆ, ಕಡಿಮೆಯಾದರೆ ಒಣಗುವ ಹೊತ್ತಿಗೆ ಬಣ್ಣ ಕೆಡುತ್ತದೆ. ಒಣಗಿದ ಮೇಲೆ ಹೂವುಗಳು ಒಂದಕ್ಕೊಂದು ಅಂಟಿಕೊಂಡು ಚಪ್ಪಟೆ ಬಿಲ್ಲೆಯಂತೆ ಆಗುತ್ತವೆ. ನನ್ನ ಮುಂದಿನ ಡಬ್ಬಿಯಲ್ಲಿ ಇರುವುದು ಆ ಬಗೆಯದೇ. ಈಗ ನಾಲ್ಕು ಹೂವು ಬಿಡಿಸಿ ಬಿಸಿನೀರಿಗೆ ಹಾಕುತ್ತೇನೆ, ನೋಡುತ್ತಾ ಇರಿ.

ಚೀನೀ ವೈದ್ಯದಲ್ಲಿ ಇದರ ರುಚಿ ಸಿಹಿ ಮತ್ತು ಕಹಿ, ಗುಣ ಸ್ವಲ್ಪ ತಂಪು. ತಂಪು, ಉಷ್ಣ ಅಂದರೆ ಏನು ಅಂತ ಕನ್ನಡದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಮಾವಿನಹಣ್ಣು ಜಾಸ್ತಿ ತಿಂದರೆ ಉಷ್ಣ ಅಂತ ಬೈಸಿಕೊಂಡು ಬೆಳೆದವರು ನಾವು. ಅವರ ಲೆಕ್ಕದಲ್ಲಿ ಈ ಹೂವು ಹೋಗಿ ಸೇರುವುದು ಶ್ವಾಸಕೋಶಕ್ಕೆ ಮತ್ತು ಲಿವರ್‌ಗೆ. ಲಿವರ್‌ನ ಬಾಗಿಲು ಕಣ್ಣು ಅಂತ ಅವರ ನಂಬಿಕೆ. ಹಾಗಾಗಿ ಕಣ್ಣು ಕೆಂಪಾಗಿ ಉರಿದರೆ, ತಲೆ ಸುತ್ತಿದರೆ, ಗಂಟಲು ಕೆರೆತದ ಜೊತೆ ಸಣ್ಣ ಜ್ವರ ಬಂದರೆ ಸೇವಂತಿಗೆ. ನೆಗಡಿ ಜ್ವರಕ್ಕೆ ಹಳದಿ, ಕಣ್ಣಿಗೆ ಬಿಳಿ ಅಂತ ರೂಢಿ. ಕಾಡು ಸೇವಂತಿಗೆ ಬೇರೆಯೇ ಜಾತಿ, ತುಂಬಾ ಕಹಿ, ಅದನ್ನು ಕುರು ಬಾವುಗಳಿಗೆ ಬಳಸುತ್ತಾರೆ.

ಒಂಟಿಯಾಗಿ ಕೊಡುವುದಕ್ಕಿಂತ ಬೇರೆ ಮೂಲಿಕೆಗಳ ಜೊತೆ ಕೊಡುವುದೇ ಹೆಚ್ಚು. ವೂ ಜುಟಾಂಗ್ ಅನ್ನುವ ವೈದ್ಯರು 1798ರಲ್ಲಿ ಬರೆದ ಗ್ರಂಥದಲ್ಲಿ ಒಂದು ಕಷಾಯ ಇದೆ, ಹೆಸರು ಸಾಂಗ್ ಜೂ ಯಿನ್. ಸಾಂಗ್ ಅಂದರೆ ಹಿಪ್ಪುನೇರಳೆ. ಹೌದು, ನಮ್ಮ ರಾಮನಗರದ ಕಡೆ ರೇಷ್ಮೆ ಹುಳಕ್ಕೆ ಹಾಕುತ್ತೇವಲ್ಲ, ಆ ಗಿಡದ ಜಾತಿಯೇ. ಅದರ ಸೊಪ್ಪು, ಸೇವಂತಿಗೆ, ಪುದೀನ ಜಾತಿಯ ಎಲೆ, ಅತಿಮಧುರ, ಜೊಂಡಿನ ಬೇರು ಎಲ್ಲಾ ಸೇರಿ ಒಟ್ಟು 8 ಪದಾರ್ಥ. ಇದನ್ನು ಕೊಡುವುದು ಕೆಮ್ಮು ಮುಂದಾಗಿದ್ದು, ಮೈ ಅಷ್ಟೇನೂ ಸುಡದೆ, ಬಾಯಾರಿಕೆ ಸ್ವಲ್ಪವೇ ಇದ್ದಾಗ. ಜ್ವರ ಜೋರಾದರೆ ಕಷಾಯವೇ ಬೇರೆ. ಕಾಯಿಲೆಯ ಹೆಸರು ಕೇಳಿ ಔಷಧಿ ಕೊಡದೆ, ಆ ಹೊತ್ತಿನಲ್ಲಿ ಮೈ ಹೇಗಿದೆ ಅಂತ ನೋಡಿ ಕೊಡುವ ಈ ಸೂಕ್ಷ್ಮ ನನಗೆ ತುಂಬಾ ದೊಡ್ಡದು ಅನ್ನಿಸುತ್ತದೆ.

ಹೂವು ಬರೀ ರೋಗಿಗಳದ್ದೂ ಅಲ್ಲ. ಅವರ ಒಂಬತ್ತನೇ ತಿಂಗಳ ಒಂಬತ್ತನೇ ದಿನದ ಹಬ್ಬಕ್ಕೆ ಸೇವಂತಿಗೆ ಮದ್ಯ ಕುಡಿಯುವ ಸಂಪ್ರದಾಯ ಇದೆ. 1596ರಲ್ಲಿ ಅಚ್ಚಾದ ಲಿ ಷಿಝೆನ್ ಅವರ ದೊಡ್ಡ ಮೂಲಿಕೆ ಗ್ರಂಥದಲ್ಲಿ ಎಳೆ ಚಿಗುರನ್ನು ಸೊಪ್ಪಿನಂತೆ ತಿನ್ನಬಹುದು, ಒಣ ಹೂವನ್ನು ದಿಂಬಿಗೂ ತುಂಬಬಹುದು ಅಂತ ಇದೆ. ದಕ್ಷಿಣ ಚೀನಾದ ಹೋಟೆಲುಗಳಲ್ಲಿ ಊಟದ ಜೊತೆ ಪುಅರ್ ಅನ್ನುವ ಕಪ್ಪು ಚಹಾಕ್ಕೆ ಇದನ್ನು ಬೆರೆಸಿ ಕೊಡುತ್ತಾರೆ.

ಈಗ ಲೋಟ ನೋಡಿ. ಮುದುಡಿದ್ದ ಎಸಳು ಬಿಚ್ಚಿಕೊಂಡಿದೆ, ನೀರು ತೆಳು ಹಳದಿಯಾಗಿದೆ. ಮೂಗಿನ ಹತ್ತಿರ ಹಿಡಿದರೆ ಜೇನಿನ ವಾಸನೆ, ಅದರ ಹಿಂದೆಯೇ ಸ್ವಲ್ಪ ಹಸಿ ಸೊಪ್ಪಿನ ವಾಸನೆ. ಹೊತ್ತು ಬಿಟ್ಟರೆ ನೀರು ಹಸಿರಿಗೆ ತಿರುಗಬಹುದು, ಗಾಬರಿಯಾಗಬೇಡಿ. ಹೂವಿನಲ್ಲಿ ಕ್ಲೋರೋಜೆನಿಕ್ ಆಮ್ಲ ಇದೆ, ನೀರು ಸ್ವಲ್ಪ ಕ್ಷಾರವಾಗಿದ್ದರೆ ಅದು ಗಾಳಿಗೆ ಹಾಗೆ ಬಣ್ಣ ಬಿಡುತ್ತದೆ. ಲುಟಿಯೋಲಿನ್ ಜಾತಿಯ ಅಂಶಗಳೂ ಇವೆ. ಪ್ರಯೋಗಾಲಯದಲ್ಲಿ ಇವು ಉರಿಯೂತ ತಗ್ಗಿಸುವುದು ಕಂಡಿದೆ. ಅಷ್ಟಕ್ಕೇ ಬಿಪಿ ಮಾತ್ರೆ ಬಿಟ್ಟು ಇದನ್ನು ಕುಡಿಯುತ್ತೇನೆ ಅಂತ ಯಾರೂ ಹೊರಡಬೇಡಿ, ದಯವಿಟ್ಟು. ಕಣ್ಣು ಕೆಂಪಾಗಿ ನೋಯುತ್ತಿದ್ದರೆ ಮೊದಲು ಕಣ್ಣಿನ ಡಾಕ್ಟರ್ ಹತ್ತಿರ ಹೋಗಿ.

ಇನ್ನು ಎರಡು ಮಾತು ಗಟ್ಟಿಯಾಗಿ ಹೇಳುತ್ತೇನೆ. ಪೂಜೆಗೆ ತಂದ ಹೂವನ್ನು ಕುದಿಸಿ ಕುಡಿಯಬೇಡಿ. ಅದು ನೋಡುವುದಕ್ಕೆ ಬೆಳೆದ ಹೂವು, ಹುಳ ಬೀಳಬಾರದು ಅಂತ ಔಷಧಿ ಹೊಡೆದಿರುತ್ತಾರೆ, ಕೊನೆಯ ವಾರದವರೆಗೂ ಹೊಡೆದಿರಬಹುದು. ಪ್ಯಾಕೆಟ್ಟಿನ ಚೀನೀ ಹೂವು ಕೊಳ್ಳುವಾಗಲೂ ಹುಷಾರು. ತೀರಾ ಬೆಳ್ಳಗಿದ್ದು ಮೂಗಿಗೆ ಘಾಟು ಹೊಡೆದರೆ ಗಂಧಕದ ಹೊಗೆ ಹಾಕಿರುವ ಸಾಧ್ಯತೆ ಇದೆ, ಬೇಡ.

ಎರಡನೆಯದು ನಮ್ಮ ಕಡೆಯವರಿಗೇ ವಿಶೇಷವಾಗಿ. ಸೇವಂತಿಗೆಯೂ ಪಾರ್ಥೇನಿಯಂ, ಅಂದರೆ ನಮ್ಮ ಕಾಂಗ್ರೆಸ್ ಗಿಡವೂ ಒಂದೇ ಕುಟುಂಬದವು. ಆ ಗಿಡದಿಂದ ಮೈಯೆಲ್ಲಾ ತುರಿಸಿಕೊಂಡವರಿಗೆ ಈ ಹೂವೂ ಆಗದೆ ಇರಬಹುದು, ಹಾಗಾಗಿ ನಿಮಗೆ ಇವತ್ತು ಬರೀ ನೋಟ ಸಾಕು. ಹೊಟ್ಟೆ ತಂಪಾಗಿ ಪದೇ ಪದೇ ಭೇದಿ ಆಗುವವರಿಗೂ ಇದು ಬೇಡ ಅಂತ ಚೀನೀ ವೈದ್ಯರೇ ಹೇಳುತ್ತಾರೆ. ಉಳಿದವರು ಮುಂದೆ ಬನ್ನಿ, ಲೋಟಗಳು ಈ ಮೇಜಿನ ಮೇಲಿವೆ, ಸಕ್ಕರೆ ಹಾಕಿಲ್ಲ.