ಮರದ ಪುಟ್ಟಿಯಿಂದ ಮಾಡಿದ ಲೋಹದ ಹೆಣ್ಣು

ಎಲ್ಲರಿಗೂ ನಮಸ್ಕಾರ. ಪರದೆಯ ಮೇಲಿನ ಈ ಚಿತ್ರವನ್ನು ಒಂದು ನಿಮಿಷ ನೋಡಿ. ಕುರ್ಚಿಯಲ್ಲಿ ನೆಟ್ಟಗೆ ಕೂತಿರುವ ಲೋಹದ ಹೆಣ್ಣು. ಮುಖದಲ್ಲಿ ನಗುವಿಲ್ಲ, ಕೋಪವಿಲ್ಲ. ಆದರೂ ನಮ್ಮನ್ನೇ ದಿಟ್ಟಿಸುತ್ತಿದ್ದಾಳೆ ಅನ್ನಿಸುತ್ತದೆ, ಅಲ್ವಾ?

1927ರ ಜನವರಿಯಲ್ಲಿ ಬರ್ಲಿನ್‌ನಲ್ಲಿ ತೆರೆಕಂಡ 'ಮೆಟ್ರೊಪೊಲಿಸ್' ಎಂಬ ಮೂಕಿ ಚಿತ್ರದವಳು ಇವಳು. ನಿರ್ದೇಶಕ ಫ್ರಿಟ್ಸ್ ಲಾಂಗ್. ಜರ್ಮನ್ ಭಾಷೆಯಲ್ಲಿ ಇವಳ ಹೆಸರು 'ಮಷೀನೆನ್‌ಮೆನ್ಶ್'. ಮೊದಲ ಭಾಗ ಯಂತ್ರ, ಎರಡನೆಯದು ಮನುಷ್ಯ. ನಮ್ಮ 'ಯಂತ್ರಮಾನವ' ಇದ್ದ ಹಾಗೇ ಇದೆ ನೋಡಿ.

ಸಿನಿಮಾದ ಕಥೆಗೆ ನಾನು ಕೈ ಹಾಕುವುದಿಲ್ಲ. ಇವಳನ್ನು ಹೇಗೆ ಮಾಡಿದರು ಅನ್ನುವುದೇ ನನಗೆ ಹೆಚ್ಚು ರುಚಿ.

ಮಾಡಿದವರು ಶಿಲ್ಪಿ ವಾಲ್ಟರ್ ಶುಲ್ಟ್ಸೆ-ಮಿಟೆನ್‌ಡಾರ್ಫ್. ಮೊದಲು ತಾಮ್ರದ ತಗಡು ಬಡಿದು ಮಾಡುವ ಯೋಚನೆ ಇತ್ತಂತೆ. ಆದರೆ ಅದನ್ನು ತೊಟ್ಟು ನಟಿ ನಡೆಯಬೇಕಲ್ಲ? ಅಷ್ಟು ಭಾರ ಹೊರುವವರು ಯಾರು! ಆಮೇಲೆ ಅವರ ಕಣ್ಣಿಗೆ ಬಿದ್ದದ್ದು 'ಪ್ಲಾಸ್ಟಿಕ್ ವುಡ್'. ಹೆಸರು ಕೇಳಿ ಏನೋ ಭಾರಿ ವಸ್ತು ಅಂದುಕೊಳ್ಳಬೇಡಿ. ಮರದ ಬಿರುಕು ಮುಚ್ಚಲು ಬಡಗಿಗಳು ಹಚ್ಚುತ್ತಾರಲ್ಲ ಪುಟ್ಟಿ, ಆ ಜಾತಿಯದು. ಹಸಿ ಇದ್ದಾಗ ಮೆತ್ತಗೆ, ಗಾಳಿಗೆ ಬಿಟ್ಟರೆ ಮರದಷ್ಟು ಗಟ್ಟಿ.

ನಟಿ ಬ್ರಿಗಿಟೆ ಹೆಲ್ಮ್. ಅವರಿಗೆ ಇದೇ ಮೊದಲ ಸಿನಿಮಾ. ಅವರ ಇಡೀ ಮೈಯ ಅಚ್ಚನ್ನು ಪ್ಲಾಸ್ಟರಿನಲ್ಲಿ ತೆಗೆದರು. ಗೋಣಿಬಟ್ಟೆಯ ತುಂಡುಗಳ ಮೇಲೆ ಆ ಪುಟ್ಟಿಯನ್ನು ಚಪಾತಿ ಹಿಟ್ಟಿನ ಹಾಗೆ ತೆಳ್ಳಗೆ ಲಟ್ಟಿಸಿ, ಅಚ್ಚಿಗೆ ಹೊದಿಸಿದರು. ಒಣಗಿದ ಮೇಲೆ ಕೊರೆದು, ತಿದ್ದಿ ನಯ ಮಾಡಿದರು. ಕೊನೆಗೆ ಬೆಳ್ಳಿ ಬಣ್ಣದ ಪುಡಿ ಕಲಸಿದ ವಾರ್ನಿಷ್ ಸಿಂಪಡಿಸಿದರು. ಅಷ್ಟೇ, ಲೋಹ ತಯಾರು!

ಕಷ್ಟವೆಲ್ಲ ಒಳಗಿದ್ದವರದು, ಪಾಪ. ಅಚ್ಚು ತೆಗೆಯುವಾಗ ಹೆಲ್ಮ್ ನಿಂತಿದ್ದರು. ಸಿನಿಮಾದಲ್ಲಿ ಯಂತ್ರ ಮೊದಲು ಕಾಣಿಸುವುದು ಕೂತ ಭಂಗಿಯಲ್ಲಿ. ನಿಂತ ಅಳತೆಯ ಗಟ್ಟಿ ಕವಚ ತೊಟ್ಟು ಕೂತರೆ ಏನಾಗುತ್ತದೆ? ಅಂಚುಗಳು ಮೈಗೆ ಒತ್ತುತ್ತವೆ, ಗೀರುತ್ತವೆ. ಸೆಟ್ಟಿನ ಹುಡುಗರು ಮರುಕಪಟ್ಟು ಕವಚದ ಸಂದಿನಲ್ಲಿ ಚಿಲ್ಲರೆ ಕಾಸು ಹಾಕುತ್ತಿದ್ದರಂತೆ, ಚಾಕಲೇಟ್ ತಿನ್ನಲಿ ಅಂತ. ಈಗ ಇನ್ನೊಮ್ಮೆ ಈ ಚಿತ್ರ ನೋಡಿ. ಆ ನೆಟ್ಟಗಿನ ಬೆನ್ನು ಸುಮ್ನೆ ಬಂದದ್ದಲ್ಲ.

ಅವಳ ಸುತ್ತ ಏರಿಳಿಯುವ ಬೆಳಕಿನ ಬಳೆಗಳಿವೆಯಲ್ಲ, ಅವಕ್ಕೂ ಕಂಪ್ಯೂಟರ್ ಇರಲಿಲ್ಲ. ಕ್ಯಾಮೆರಾದಲ್ಲೇ ಫಿಲ್ಮ್ ಹಿಂದಕ್ಕೆ ಸುತ್ತಿ, ಅದರ ಮೇಲೇ ಮತ್ತೆ ಮತ್ತೆ ಚಿತ್ರೀಕರಿಸಿದರು. ಒಂದು ಸಲ ತಪ್ಪಿದರೆ ಅಷ್ಟೂ ಹಾಳು.

ಇಷ್ಟೆಲ್ಲ ಮಾಡಿಯೂ ಈ ಲೋಹದ ರೂಪ ತೆರೆಯ ಮೇಲಿರುವುದು ಕೆಲವೇ ನಿಮಿಷ. ಆಮೇಲೆ ಅದಕ್ಕೆ ನಾಯಕಿ ಮರಿಯಾಳ ಮುಖ ಬರುತ್ತದೆ. ಆದರೆ ಆ ಕೆಲವು ನಿಮಿಷ ಸಾಕಾಯಿತು. ಐವತ್ತು ವರ್ಷದ ನಂತರ, 1977ರಲ್ಲಿ ಬಂದ 'ಸ್ಟಾರ್ ವಾರ್ಸ್' ಸಿನಿಮಾದ ಚಿನ್ನದ ಬಣ್ಣದ ರೋಬೋಟ್ ಸಿ-3ಪಿಒ ಇವಳನ್ನು ನೋಡಿಯೇ ಹುಟ್ಟಿದ್ದು. ಆ ರೋಬೋಟಿನ ಮೊದಲ ಚಿತ್ರ ಬಿಡಿಸಿದ ಕಲಾವಿದ ರಾಲ್ಫ್ ಮೆಕ್ವಾರಿಯವರ ಕೈಯಲ್ಲಿ ಅದು ಇನ್ನೂ ಜಾಸ್ತಿ ಇವಳ ಹಾಗೇ ಇತ್ತು.

1956ರ 'ಫರ್ಬಿಡನ್ ಪ್ಲಾನೆಟ್' ಸಿನಿಮಾದ ರೋಬೋಟ್ 'ರಾಬಿ' 2017ರಲ್ಲಿ ಹರಾಜಿಗೆ ಬಂದು 50 ಲಕ್ಷ ಡಾಲರ್‌ಗೂ ಹೆಚ್ಚಿಗೆ ಹೋಯಿತು. ಇವಳಿಗೆ ಆ ಅದೃಷ್ಟವಿಲ್ಲ. ಮೂಲ ಕವಚ ಉಳಿದಿಲ್ಲ. ಎಪ್ಪತ್ತರ ದಶಕದಲ್ಲಿ ಪ್ಯಾರಿಸ್‌ನ ಸಿನಿಮಾ ಸಂಗ್ರಹಾಲಯಕ್ಕಾಗಿ ಆ ಶಿಲ್ಪಿಯೇ ಮತ್ತೊಂದನ್ನು ಮಾಡಿಕೊಟ್ಟರು. ಅದರೊಳಗೆ ಯಾರೂ ಕೂರಬೇಕಾಗಿರಲಿಲ್ಲ.