ಕೊನೆಯ ಅಧ್ಯಾಯ ಮೊದಲು ಓದುವ ಚಾಳಿ

ಕೇಳುಗ ಗೆಳೆಯರಿಗೆ ನಮಸ್ಕಾರ.

ನನಗೊಂದು ಕೆಟ್ಟ ಚಾಳಿ ಇದೆ. ಯಾವುದಾದರೂ ಕವಿಯ ಜೀವನಚರಿತ್ರೆ ಕೈಗೆ ಸಿಕ್ಕರೆ ಮೊದಲು ಕೊನೆಯ ಅಧ್ಯಾಯ ತೆರೆಯುತ್ತೇನೆ. ಹೇಗೆ ಸತ್ತರು ಅಂತ ನೋಡುತ್ತೇನೆ. ಆಮೇಲೆ ಮಧ್ಯದ ಫೋಟೋಗಳು. ಆಮೇಲೆ, ಪುರುಸೊತ್ತಿದ್ದರೆ, ಮೊದಲ ಪುಟ. ನಿಮ್ಮಲ್ಲೂ ಕೆಲವರಿಗೆ ಈ ಚಾಳಿ ಇರಬಹುದು. ಒಪ್ಪಿಕೊಂಡುಬಿಡಿ, ರೇಡಿಯೋ ಮುಂದೆ ಕೂತವರ ಮುಖ ಯಾರಿಗೂ ಕಾಣುವುದಿಲ್ಲ.

ಈ ಚಾಳಿ ನಾಚಿಕೆಯದು ಅಂತ ನನಗೆ ಅನ್ನಿಸಿದ್ದು ಕೆನಡಾದ ಕವಿಗಳ ಬದುಕಿನ ಕಥೆಗಳನ್ನು ಓದುವಾಗ. ಇವತ್ತು ಅಂಥ ನಾಲ್ಕೈದು ಜನರ ವಿಷಯ ಮಾತಾಡುತ್ತೇನೆ. ಅವರ ಬಗ್ಗೆ ಬರೆದವರ ವಿಷಯವನ್ನೂ ಮಾತಾಡುತ್ತೇನೆ, ಯಾಕೆಂದರೆ ಕೆಲವು ಸಲ ಕಥೆ ಹೇಳಿದವರ ಕಥೆಯೂ ಕಡಿಮೆಯೇನಲ್ಲ.

1902ರಲ್ಲಿ ಮಾಂಟ್ರಿಯಲ್ ನಗರದ ಒಂದು ಫ್ರೆಂಚ್ ಪತ್ರಿಕೆಯಲ್ಲಿ ಲೇಖನಮಾಲೆಯೊಂದು ಶುರುವಾಯಿತು. ಅದರ ಮೊದಲ ವಾಕ್ಯ ಹೀಗಿತ್ತು: ಎಮಿಲ್ ನೆಲಿಗನ್ ಸತ್ತಿದ್ದಾನೆ. ಬರೆದವರು ಲೂಯಿ ದಾಂತ್ಯಾ ಅನ್ನುವ ಹೆಸರಿನ ವಿಮರ್ಶಕ. ಓದಿದವರು ಅಯ್ಯೋ ಪಾಪ ಅಂದಿರಬೇಕು. ಆದರೆ ನೆಲಿಗನ್ ಸತ್ತಿರಲಿಲ್ಲ. ಅವನಿಗೆ ಆಗ ಇಪ್ಪತ್ತೆರಡು ವರ್ಷ. ಮಾಂಟ್ರಿಯಲ್‌ನ ಅಂಚಿನಲ್ಲೇ ಇದ್ದ ಮಾನಸಿಕ ಆಸ್ಪತ್ರೆಯಲ್ಲಿದ್ದ. ಊಟ ಮಾಡುತ್ತಿದ್ದ, ಮಲಗುತ್ತಿದ್ದ, ಏಳುತ್ತಿದ್ದ.

ದಾಂತ್ಯಾಗೆ ಇದು ಗೊತ್ತಿತ್ತು. ಅವರು ಹೇಳಹೊರಟಿದ್ದು ದೇಹದ ಸಾವನ್ನಲ್ಲ. ಒಳಗಿನ ಕವಿ ಸತ್ತ ಅನ್ನುವುದು ಅವರ ಭಾವ. ಆದರೂ ಯೋಚಿಸಿ. ಉಸಿರಾಡುತ್ತಿರುವ ಮನುಷ್ಯನ ಬದುಕನ್ನು ಬರೆಯಲು ಕೂತವರು ಮೊದಲ ಸಾಲಲ್ಲೇ ಅವನನ್ನು ಮುಗಿಸಿಬಿಟ್ಟರು. ಕೊನೆಯ ಅಧ್ಯಾಯವನ್ನು ಎಲ್ಲಕ್ಕಿಂತ ಮೊದಲು ಇಟ್ಟರು. ನನ್ನ ಚಾಳಿಯನ್ನೂ ಮೀರಿಸಿದ ಚಾಳಿ ಅದು.

ನೆಲಿಗನ್ ಹುಟ್ಟಿದ್ದು 1879ರ ಕ್ರಿಸ್‌ಮಸ್ ಹಿಂದಿನ ದಿನ. ಅಪ್ಪ ಐರಿಶ್, ಅಂಚೆ ಇಲಾಖೆಯ ಇನ್‌ಸ್ಪೆಕ್ಟರ್. ಅಮ್ಮ ಫ್ರೆಂಚ್ ಮಾತಾಡುವ ಕ್ವಿಬೆಕ್‌ನವಳು, ಪಿಯಾನೋ ನುಡಿಸುತ್ತಿದ್ದಳು. ಹುಡುಗ ಅಮ್ಮನ ಭಾಷೆ ಹಿಡಿದ. ಶಾಲೆಯಲ್ಲಿ ಮನಸ್ಸಿಲ್ಲ, ನೌಕರಿಯಂತೂ ಬೇಡವೇ ಬೇಡ. ಹದಿನಾರರಿಂದ ಹತ್ತೊಂಬತ್ತು, ಮೂರೇ ವರ್ಷ ಬರೆದ. 1899ರ ಮೇ 26ರಂದು ಮಾಂಟ್ರಿಯಲ್‌ನ ಶಾತೋ ರಾಮೆಜೆ ಅನ್ನುವ ಹಳೆಯ ಬಂಗಲೆಯಲ್ಲಿ ಕವಿಗೋಷ್ಠಿ. ಅಲ್ಲಿ ಮದ್ಯದ ಬಗ್ಗೆ, ತನ್ನನ್ನು ನೋಡಿ ನಗುವವರ ಬಗ್ಗೆ ಒಂದು ಕವನ ಓದಿದ. ಗೆಳೆಯರು ಅವನನ್ನು ಹೆಗಲ ಮೇಲೆ ಹೊತ್ತು ಮನೆಗೆ ಕರೆದುಕೊಂಡು ಹೋದರು ಅಂತ ಹೇಳುತ್ತಾರೆ. ಅದಾಗಿ ಮೂರು ತಿಂಗಳೂ ಕಳೆದಿರಲಿಲ್ಲ, ಆಗಸ್ಟ್‌ನಲ್ಲಿ ಆಸ್ಪತ್ರೆಗೆ ಸೇರಿಸಿದರು. ಮತ್ತೆ ಹೊರಗೆ ಬಂದು ಬಾಳಲೇ ಇಲ್ಲ.

ದಾಂತ್ಯಾ ನಿಜಕ್ಕೂ ಯಾರು? ಅವರು ಪಾದ್ರಿ. ನಿಜವಾದ ಹೆಸರು ಯುಜೀನ್ ಸೀರ್. ತಮ್ಮ ಮಠದ ಅಚ್ಚುಕೂಟದಲ್ಲೇ ಈ ಹುಡುಗನ ಕವನಗಳ ಅಚ್ಚುಮೊಳೆ ಜೋಡಿಸಲು ಶುರು ಮಾಡಿದ್ದರು. ಕೆಲಸ ಮುಗಿಯುವ ಮೊದಲೇ, 1903ರಲ್ಲಿ, ಮಠ ಬಿಟ್ಟು ಅಮೆರಿಕಕ್ಕೆ ಹೊರಟುಹೋದರು. ಬಾಸ್ಟನ್ ಕಡೆ ನೆಲೆಸಿ, ಮುಂದೆ ಹಾರ್ವರ್ಡ್ ವಿಶ್ವವಿದ್ಯಾಲಯದ ಮುದ್ರಣಾಲಯದಲ್ಲಿ ಅಚ್ಚುಮೊಳೆ ಜೋಡಿಸುತ್ತಾ ಹೊಟ್ಟೆ ಹೊರೆದರು. ಪುಸ್ತಕ 1904ರಲ್ಲಿ ಬಂತು. ಅದರ ಮುನ್ನುಡಿಯಾಗಿ ಅದೇ ಲೇಖನ. ನೆಲಿಗನ್ ಬಗ್ಗೆ ಕೇಳಿದವರಿಗೆಲ್ಲ ಆ ಮೊದಲ ವಾಕ್ಯವೇ ತಲೆಯಲ್ಲಿ ಕೂತಿತು.

ನೆಲಿಗನ್ ತೀರಿಕೊಂಡಿದ್ದು 1941ರ ನವೆಂಬರ್‌ನಲ್ಲಿ. ಅಂದರೆ ಸತ್ತಿದ್ದಾನೆ ಅಂತ ಅಚ್ಚಾದ ಮೇಲೆ ಮೂವತ್ತೊಂಬತ್ತು ವರ್ಷ ಬದುಕಿದ್ದ! ಆ ವರ್ಷಗಳಲ್ಲಿ ಅವನ ಹೆಸರು ದೊಡ್ಡದಾಗುತ್ತಾ ಹೋಯಿತು. ಆಸ್ಪತ್ರೆಗೆ ಅವನನ್ನು ನೋಡಲು ಜನ ಬರುತ್ತಿದ್ದರು. 'ಚಿನ್ನದ ಹಡಗು' ಕವನ ಹೇಳಿ ಅಂತ ಕೇಳುತ್ತಿದ್ದರು. ಅಪ್ಪಟ ಚಿನ್ನದಲ್ಲಿ ಕಡೆದ ಹಡಗೊಂದು ಬಂಡೆಗೆ ಬಡಿದು, ಕನಸಿನ ಆಳದಲ್ಲಿ ಮುಳುಗಿಹೋಗುವ ಕವನ ಅದು. ಇಪ್ಪತ್ತು ತುಂಬದ ಹುಡುಗ ಬರೆದದ್ದನ್ನು ನರೆತ ಕೂದಲಿನ ಮನುಷ್ಯ ಒಪ್ಪಿಸುತ್ತಿದ್ದ. ಹಳೆಯ ಕವನಗಳನ್ನು ನೆನಪಿನಿಂದ ನೋಟ್‌ಬುಕ್‌ಗಳಲ್ಲಿ ಮತ್ತೆ ಮತ್ತೆ ಬರೆಯುತ್ತಿದ್ದ.

ಪೋಲೆಂಡ್‌ನಲ್ಲಿ ಹುಟ್ಟಿ ಒಟ್ಟಾವದಲ್ಲಿ ಪಾಠ ಮಾಡಿದ ಪಾಲ್ ವಿಚಿನ್ಸ್ಕಿ ಅನ್ನುವ ಪ್ರಾಧ್ಯಾಪಕರು 1987ರಲ್ಲಿ ನೆಲಿಗನ್‌ನ ದೊಡ್ಡ ಜೀವನಚರಿತ್ರೆ ತಂದರು. ಅದರ ಹೆಸರಲ್ಲೇ ಎರಡು ಇಸವಿಗಳಿವೆ, 1879 ಮತ್ತು 1941. ನನಗೆ ಈ ಎರಡನೇ ಇಸವಿ ನೋಡಿದಾಗ ಸಮಾಧಾನ ಆಯಿತು. ಒಳ್ಳೆಯ ಜೀವನಚರಿತ್ರೆ ಎಷ್ಟೋ ಸಲ ಮಾಡುವ ಕೆಲಸ ಇಷ್ಟೇ. ಕಿತ್ತುಕೊಂಡ ವರ್ಷಗಳನ್ನು ವಾಪಸ್ ಕೊಡುವುದು.

ಈಗ ಒಬ್ಬ ಹೆಣ್ಣುಮಗಳ ಮನೆಗೆ ಹೋಗೋಣ. ಒಂಟಾರಿಯೋದ ಗ್ರ್ಯಾಂಡ್ ನದಿಯ ದಂಡೆ. ಮನೆಯ ಹೆಸರು ಚೀಫ್ಸ್‌ವುಡ್. ಈ ಮನೆಗೆ ಹಿಂಬಾಗಿಲು ಅನ್ನುವುದೇ ಇಲ್ಲ. ಎರಡೂ ಕಡೆ ಒಂದೇ ಥರದ ಮುಂಬಾಗಿಲು. ಒಂದು ನದಿಯ ಕಡೆ, ದೋಣಿಯಲ್ಲಿ ಬರುವ ಮೂಲನಿವಾಸಿ ನೆಂಟರಿಗೆ. ಇನ್ನೊಂದು ರಸ್ತೆಯ ಕಡೆ, ಗಾಡಿಯಲ್ಲಿ ಬರುವ ಬಿಳಿಯರಿಗೆ. ಅಪ್ಪ ಮೋಹಾಕ್ ಅನ್ನುವ ಮೂಲನಿವಾಸಿ ಜನರ ಮುಖಂಡ, ಅಮ್ಮ ಇಂಗ್ಲೆಂಡಿನಲ್ಲಿ ಹುಟ್ಟಿದವಳು. ಅವರ ಕೊನೆಯ ಮಗಳು ಪಾಲಿನ್ ಜಾನ್ಸನ್, 1861ರಲ್ಲಿ ಹುಟ್ಟಿದಳು. ಸರ್ಕಾರದ ಕಾನೂನು ಅಪ್ಪನ ಕಡೆ ನೋಡಿ ಇವಳನ್ನು ಇಂಡಿಯನ್, ಅಂದರೆ ಅಲ್ಲಿನ ಮೂಲನಿವಾಸಿ, ಅಂದಿತು. ಮೋಹಾಕ್ ಪದ್ಧತಿಯಲ್ಲಿ ಕುಲ ಬರುವುದು ಅಮ್ಮನಿಂದ, ಹಾಗಾಗಿ ಅಲ್ಲಿ ಇವಳಿಗೆ ಕುಲವೇ ಇಲ್ಲ. ಎರಡು ಬಾಗಿಲಿನ ಮನೆ ಅಂದರೆ ಹೀಗೇ, ಅಲ್ವಾ?

ಅಪ್ಪ ತೀರಿಕೊಂಡ ಮೇಲೆ ಮನೆ ಬಿಡಬೇಕಾಯಿತು. 1892ರ ಜನವರಿಯಲ್ಲಿ ಟೊರಾಂಟೊದ ಒಂದು ಸಭೆಯಲ್ಲಿ ಕವನ ಓದಿದಳು. ಯುದ್ಧಕ್ಕೆ ಹೊರಟ ಗಂಡನನ್ನು ಕಳಿಸಿಕೊಡುವ ಮೂಲನಿವಾಸಿ ಹೆಂಡತಿಯ ಮಾತು. ಸಭೆ ಎದ್ದು ಕೂತಿತು. ಅಲ್ಲಿಂದ ಹದಿನೇಳು ವರ್ಷ ಅವಳದು ತಿರುಗಾಟ. ರೈಲು, ಹೋಟೆಲು, ಚಳಿ, ಗಣಿ ಊರುಗಳ ಸಭಾಂಗಣ. ಕಾರ್ಯಕ್ರಮದ ಮೊದಲರ್ಧ ಜಿಂಕೆಚರ್ಮದ ಉಡುಪು, ಎರಡನೆಯರ್ಧ ಪಾರ್ಟಿಗೆ ಹೋಗುವ ರೇಷ್ಮೆ ಗೌನು. ಜನಕ್ಕೆ ಮೊದಲ ಉಡುಪು ಜಾಸ್ತಿ ಇಷ್ಟ. ಅದು ಮೋಹಾಕ್ ಉಡುಪೇನೂ ಆಗಿರಲಿಲ್ಲ. ಅಲ್ಲಿ ಇಲ್ಲಿ ಸಿಕ್ಕಿದ್ದನ್ನು ಸೇರಿಸಿ ಅವಳೇ ಕಟ್ಟಿಕೊಂಡ ವೇಷ. ನನ್ನ ಪ್ರಕಾರ ಗೌನೂ ವೇಷವೇ.

ಅವಳ ಬದುಕು ಬರೆದವರಲ್ಲಿ ಹಳಬರು ಮೊದಲ ಉಡುಪಿಗೆ ಮರುಳಾದರು. ಮೋಹಾಕ್ ರಾಜಕುಮಾರಿ ಅಂತ ಪೋಸ್ಟರ್‌ನಲ್ಲಿ ಇದ್ದದ್ದನ್ನೇ ಪುಸ್ತಕಕ್ಕೂ ತಂದರು. 2000ದ ಆಚೀಚೆ ಬಂದ ಪುಸ್ತಕಗಳು ಬೇರೆ ಥರ. ವೆರೋನಿಕಾ ಸ್ಟ್ರಾಂಗ್-ಬೋಗ್ ಮತ್ತು ಕ್ಯಾರೊಲ್ ಗರ್ಸನ್ ಜೊತೆಯಾಗಿ ಬರೆದದ್ದು ಒಂದು, ಶಾರ್ಲೆಟ್ ಗ್ರೇ ಬರೆದದ್ದು ಇನ್ನೊಂದು. ಇವರಿಗೆ ಅವಳು ದುಡಿಯುವ ಹೆಂಗಸು. ಪೆನ್ನು ಮತ್ತು ಗಂಟಲು ನಂಬಿ ಒಂಟಿಯಾಗಿ ಬದುಕಿದವಳು.

ಕೊನೆಗಾಲ ವ್ಯಾಂಕೂವರ್‌ನಲ್ಲಿ. ಸ್ತನ ಕ್ಯಾನ್ಸರ್, ಕೈಯಲ್ಲಿ ಕಾಸಿಲ್ಲ. ಸ್ಕ್ವಾಮಿಶ್ ಅನ್ನುವ ಮೂಲನಿವಾಸಿ ಜನರ ಮುಖಂಡ ಜೋ ಕ್ಯಾಪಿಲಾನೊ ಹೇಳಿದ ಕಥೆಗಳನ್ನು ಅವಳು ಪತ್ರಿಕೆಗೆ ಬರೆದಿದ್ದಳು. ಅವನ್ನು ಗೆಳೆಯರು ಸೇರಿ 1911ರಲ್ಲಿ ಪುಸ್ತಕ ಮಾಡಿ ಮಾರಿದರು, ಔಷಧದ ಖರ್ಚಿಗೆ. ಒಂದು ಕೆಂಪು ಕಂಬಳಿಯ ಕಥೆ ಹೇಳಲೇಬೇಕು. ಅವಳು ವೇದಿಕೆಯಲ್ಲಿ ಹೊದೆಯುತ್ತಿದ್ದ ಕಂಬಳಿ. 1869ರಲ್ಲಿ ವಿಕ್ಟೋರಿಯಾ ರಾಣಿಯ ಮಗ ಆರ್ಥರ್‌ನಿಗೆ ಮೋಹಾಕರೂ ಸೇರಿದ ಆರು ಬುಡಕಟ್ಟುಗಳ ಒಕ್ಕೂಟದ ಜನ ಗೌರವ ಮುಖಂಡನ ಪಟ್ಟ ಕಟ್ಟಿದಾಗ ಅವನ ಕಾಲ ಕೆಳಗೆ ಹಾಸಿದ್ದು ಅದನ್ನೇ. 1912ರಲ್ಲಿ ಅದೇ ಆರ್ಥರ್ ಕೆನಡಾದ ಗವರ್ನರ್ ಜನರಲ್ ಆಗಿ ಬಂದು, ಆಸ್ಪತ್ರೆಯಲ್ಲಿ ಅವಳನ್ನು ನೋಡಿದ. ಅವನು ಕೂತ ಕುರ್ಚಿಗೆ ಹೊದಿಸಿದ್ದು ಅದೇ ಕಂಬಳಿ. ಮುಂದಿನ ಮಾರ್ಚ್‌ನಲ್ಲಿ, ಐವತ್ತೆರಡು ತುಂಬಲು ಮೂರು ದಿನ ಇರುವಾಗ, ಅವಳು ಹೋದಳು.

ನೋಡಿ, ನಾನು ಮತ್ತೆ ಕೊನೆಯ ಅಧ್ಯಾಯಕ್ಕೇ ಬಂದೆ. ಚಾಳಿ ಅಷ್ಟು ಸುಲಭಕ್ಕೆ ಬಿಡುವುದಿಲ್ಲ.

ಈ ಚಾಳಿಯಿಂದ ಎಲ್ಲರಿಗಿಂತ ಹೆಚ್ಚು ಪೆಟ್ಟು ತಿಂದ ಕವಿ ಪ್ಯಾಟ್ ಲೋಥರ್. ವ್ಯಾಂಕೂವರ್‌ನವಳು. ನಾಲ್ಕು ಮಕ್ಕಳ ತಾಯಿ, ದುಡ್ಡಿನ ಪರದಾಟ, ಅದರ ನಡುವೆ ಕಲ್ಲು, ಸಮುದ್ರ, ಅಡುಗೆಮನೆ ಎಲ್ಲವನ್ನೂ ಕವನಕ್ಕೆ ತಂದವಳು. 1975ರಲ್ಲಿ, ನಲವತ್ತರ ವಯಸ್ಸಿನಲ್ಲಿ, ಅವಳ ಗಂಡ ಅವಳನ್ನು ಕೊಂದ. ಆಗ ತಾನೇ ದೊಡ್ಡ ಪ್ರಕಾಶಕರು ಅವಳ ಪುಸ್ತಕ ಒಪ್ಪಿಕೊಂಡಿದ್ದರು. ಅದು ಅಚ್ಚಾಗಿ ಬಂದಿದ್ದು 1977ರಲ್ಲಿ. ಅಂದಿನಿಂದ ಅವಳ ಹೆಸರು ಹೇಳಿದರೆ ಜನಕ್ಕೆ ಕೊಲೆ ಮೊದಲು ನೆನಪಾಗುತ್ತದೆ, ಕವನ ಆಮೇಲೆ. ಕ್ರಿಸ್ಟೀನ್ ವೀಸೆಂತಾಲ್ ಅವಳ ಜೀವನಚರಿತ್ರೆ ಬರೆದಾಗ ಹೆಸರಲ್ಲೇ 'ಅರ್ಧಾಯುಷ್ಯ' ಅನ್ನುವ ಅರ್ಥದ ವಿಜ್ಞಾನದ ಪದ ಇಟ್ಟರು. ವಿಕಿರಣ ವಸ್ತು ಅರ್ಧಕ್ಕೆ ಇಳಿಯಲು ಹಿಡಿಯುವ ಕಾಲ ಇದೆಯಲ್ಲ, ಅದು. ಅರ್ಧಕ್ಕೇ ನಿಂತ ಬದುಕೂ ಹೌದು, ಸತ್ತ ಮೇಲೂ ಹೊರಸೂಸುತ್ತಲೇ ಇರುವ ಬದುಕೂ ಹೌದು.

ಇನ್ನೊಬ್ಬಳು ಗ್ವೆಂಡಲಿನ್ ಮೆಕ್‌ಯೂವನ್, ಟೊರಾಂಟೊದ ಹುಡುಗಿ. ಅಮ್ಮ ಮಾನಸಿಕ ಆಸ್ಪತ್ರೆಗೆ ಹೋಗಿ ಬರುತ್ತಿದ್ದವಳು, ಅಪ್ಪ ಕುಡುಕ. ಹದಿನೇಳಕ್ಕೆ ಮೊದಲ ಕವನ ಅಚ್ಚಾಯಿತು, ಹದಿನೆಂಟಕ್ಕೆ ಶಾಲೆ ಬಿಟ್ಟಳು. ಹೀಬ್ರೂ, ಅರೇಬಿಕ್, ಗ್ರೀಕ್, ಈಜಿಪ್ಟಿನ ಚಿತ್ರಲಿಪಿ ಎಲ್ಲ ತಾನೇ ಕಲಿತಳು. 1962ರಲ್ಲಿ ಮಿಲ್ಟನ್ ಏಕಾರ್ನ್ ಅನ್ನುವ ಕವಿಯನ್ನು ಮದುವೆಯಾದಳು. ಅವಳಿಗೆ ಇಪ್ಪತ್ತು, ಅವನಿಗೆ ಮೂವತ್ತೆಂಟು. ಅವನು ಬಡಗಿ. ಕವಿಯಾಗಬೇಕೆಂದು ಉಳಿ ಸುತ್ತಿಗೆ ಎಲ್ಲ ಮಾರಿದವನು. ಆ ಮದುವೆ ಹೆಚ್ಚು ದಿನ ಬಾಳಲಿಲ್ಲ.

ಮುಂದೆ 1970ರಲ್ಲಿ ಒಂದು ತಮಾಷೆ ನಡೆಯಿತು. ಏಕಾರ್ನ್‌ನ ಪುಸ್ತಕಕ್ಕೆ ದೇಶದ ದೊಡ್ಡ ಸಾಹಿತ್ಯ ಪ್ರಶಸ್ತಿಯಾದ ಗವರ್ನರ್ ಜನರಲ್ ಪ್ರಶಸ್ತಿ ಬರಲಿಲ್ಲ ಅಂತ ಕವಿಗಳಿಗೆಲ್ಲ ಸಿಟ್ಟು ಬಂತು. ಟೊರಾಂಟೊದ ಗ್ರಾಸ್‌ಮನ್ಸ್ ಅನ್ನುವ ಹೆಂಡದಂಗಡಿಯಲ್ಲಿ ಸೇರಿ, ತಾವೇ ಅವನಿಗೆ 'ಜನರ ಕವಿ' ಅಂತ ಪ್ರಶಸ್ತಿ ಕೊಟ್ಟರು. ಸರಿ, ಆ ವರ್ಷ ಸರ್ಕಾರದ ಪ್ರಶಸ್ತಿ ಯಾರಿಗೆ ಬಂತು? ಇಬ್ಬರಿಗೆ. ಒಬ್ಬ ಜಾರ್ಜ್ ಬೌರಿಂಗ್. ಇನ್ನೊಬ್ಬಳು ಏಕಾರ್ನ್‌ನ ಮಾಜಿ ಹೆಂಡತಿ ಗ್ವೆಂಡಲಿನ್! ನಾಟಕಕಾರ ಬರೆದಿದ್ದರೆ ಇದು ಅತಿಯಾಯಿತು ಅನ್ನುತ್ತಿದ್ದೆವು.

ಅವಳು ನಲವತ್ತಾರಕ್ಕೇ ತೀರಿಕೊಂಡಳು, 1987ರಲ್ಲಿ. ಕುಡಿತ ಅವಳನ್ನೂ ಹಿಡಿದಿತ್ತು. ರೋಸ್‌ಮೇರಿ ಸಲಿವನ್ 1995ರಲ್ಲಿ ಬರೆದ ಅವಳ ಜೀವನಚರಿತ್ರೆ ನನಗೆ ಇವೆಲ್ಲದರಲ್ಲಿ ಹೆಚ್ಚು ಇಷ್ಟ. ಸಲಿವನ್ ಎಲ್ಲ ಬಲ್ಲವರ ಹಾಗೆ ಮಾತಾಡುವುದಿಲ್ಲ. ತಾನು ಹುಡುಕುತ್ತಿರುವುದನ್ನು ತೋರಿಸುತ್ತಾರೆ. ಹತ್ತು ಜನ ಹತ್ತು ಥರ ಹೇಳಿದ್ದನ್ನು ಹಾಗೇ ಕೇಳಿಸುತ್ತಾರೆ. ಗ್ವೆಂಡಲಿನ್ ಸ್ವತಃ ಇದಕ್ಕಿಂತ ಧೈರ್ಯದ ಕೆಲಸ ಮಾಡಿದ್ದಳು. 1982ರ ಒಂದು ಸಂಕಲನದಲ್ಲಿ ಮೊದಲ ಮಹಾಯುದ್ಧದಲ್ಲಿ ಅರಬರ ಜೊತೆ ಹೋರಾಡಿದ ಬ್ರಿಟಿಷ್ ಅಧಿಕಾರಿ, 'ಅರೇಬಿಯಾದ ಲಾರೆನ್ಸ್'ನ ಬದುಕನ್ನು ಅವನದೇ ದನಿಯಲ್ಲಿ, 'ನಾನು' ಅಂತಲೇ ಬರೆದಳು. ಜೀವನಚರಿತ್ರೆ ಬರೆಯುವವರಿಗೆ ಆ ಸ್ವಾತಂತ್ರ್ಯ ಇಲ್ಲ, ಪಾಪ.

ಕೊನೆಗೆ ಆಲ್ ಪರ್ಡಿ. 1918ರಲ್ಲಿ ಹುಟ್ಟಿ 2000ದವರೆಗೆ ಬದುಕಿದ. ಇವನದು ನಿಧಾನದ ಕಥೆ. 1944ರಲ್ಲಿ ಸ್ವಂತ ದುಡ್ಡು ಹಾಕಿ ತಂದ ಮೊದಲ ಪುಸ್ತಕ ಎಷ್ಟು ಕೆಟ್ಟದಾಗಿತ್ತೆಂದರೆ ಆಮೇಲೆ ಅವನೇ ಅದನ್ನು ಲೇವಡಿ ಮಾಡುತ್ತಿದ್ದ. ಹಾಸಿಗೆ ಕಾರ್ಖಾನೆಯಲ್ಲಿ ದುಡಿದ. 1957ರಲ್ಲಿ, ನಲವತ್ತರ ಹೊಸ್ತಿಲಲ್ಲಿ, ಅವನು ಮತ್ತು ಹೆಂಡತಿ ಯೂರಿತಿ ಒಂಟಾರಿಯೋದ ಅಮೀಲಿಯಾಸ್‌ಬರ್ಗ್ ಹತ್ತಿರ ರಾಬ್ಲಿನ್ ಕೆರೆ ದಂಡೆಯಲ್ಲಿ ಜಾಗ ಹಿಡಿದರು. ಕೆಡವಿದ ಕಟ್ಟಡಗಳ ಹಳೆಯ ಮರ ತಂದು, ಇಂಗ್ಲಿಷಿನ 'ಎ' ಅಕ್ಷರದ ಆಕಾರದ ಮನೆ ಕಟ್ಟಿದರು. ಹಣವಿಲ್ಲ, ಕೊರೆಯುವ ಚಳಿ, ಕುಡಿಯಲು ಕಾಡುದ್ರಾಕ್ಷಿಯ ಮನೆವೈನು. ಒಳ್ಳೆಯ ಕವಿ ಪರ್ಡಿ ಹುಟ್ಟಿದ್ದು ಆ ಮನೆಯಲ್ಲಿ. 1965ರ ಅವನ ಸಂಕಲನಕ್ಕೆ ದೇಶದ ದೊಡ್ಡ ಪ್ರಶಸ್ತಿ ಬಂತು. ಅವನು ಹೋದ ಮೇಲೆ ಮನೆ ಬೀಳದ ಹಾಗೆ ಅಭಿಮಾನಿಗಳು ದುಡ್ಡು ಕೂಡಿಸಿದರು. 2014ರಿಂದ ಬೇರೆ ಬೇರೆ ಲೇಖಕರು ಅಲ್ಲಿ ಕೆಲವು ವಾರ ಇದ್ದು ಬರೆಯುತ್ತಾರೆ.

ಈ ಮನೆ ಕಟ್ಟುವಾಗ ಸಹಾಯಕ್ಕೆ ಬಂದವನು ಯಾರು ಗೊತ್ತಾ? ಉಪಕರಣ ಮಾರಿದ ಬಡಗಿ, ನಮ್ಮ ಏಕಾರ್ನ್. ಆ ದಿನಗಳ ಬಗ್ಗೆ ಪರ್ಡಿ ಒಂದು ಕವನ ಬರೆದಿದ್ದಾನೆ. ಎರಡು ತಿಂಗಳು ಇಬ್ಬರೂ ಜಗಳವಾಡಿದ್ದೇ ಅದರ ವಸ್ತು. ಸಮಾಜವಾದದ ಬಗ್ಗೆ ಜಗಳ. ಕಾವ್ಯದ ಬಗ್ಗೆ ಜಗಳ. ನೀರು ಹೇಗೆ ಕಾಯಿಸಬೇಕು ಅನ್ನುವುದರ ಬಗ್ಗೆಯೂ ಜಗಳ.

ನಮಸ್ಕಾರ.