ಡೈಲಾಗ್ ಎಡಿಟರ್ ಆಗಬೇಕೆ? ಮೊದಲು ಕೇಳಿ

ಕೇಳುಗರಿಗೆ ನಮಸ್ಕಾರ.

ಸಿನಿಮಾ, ಧಾರಾವಾಹಿಗಳಲ್ಲಿ ರೆಕಾರ್ಡ್ ಆದ ಮಾತನ್ನು ಸರಿಪಡಿಸುವುದು ನನ್ನ ಕೆಲಸ. ಡೈಲಾಗ್ ಎಡಿಟರ್ ಅಂತಾರೆ. ಈ ಕಡೆ ಬರಬೇಕು ಅನ್ನುವ ಹುಡುಗ ಹುಡುಗಿಯರು ಕೇಳುವ ಮೊದಲ ಪ್ರಶ್ನೆ, ‘ಯಾವ ಸಾಫ್ಟ್‌ವೇರ್ ಕಲಿಯಲಿ ಮೇಡಂ?’ ಕಲಿಯಿರಿ, ಬೇಡ ಅನ್ನುವುದಿಲ್ಲ. ಆದರೆ ಕೇಳುವುದನ್ನು ಕಲಿತಿದ್ದೀರಾ?

ಬಸವನಗುಡಿಯ ಒಂದು ಹಳೇ ಮನೆಯಲ್ಲಿ ಧಾರಾವಾಹಿಯ ಶೂಟಿಂಗ್. ತಾಯಿ ಮಗಳ ಜಗಳ. ಒಳಗೆ ಫ್ರಿಜ್ಜು ಗುಂಯ್ ಅನ್ನುತ್ತಿತ್ತು. ರೆಕಾರ್ಡಿಂಗ್ ಹುಡುಗ ಜಾಣ. ಫ್ರಿಜ್ ಆಫ್ ಮಾಡಿ, ತನ್ನ ಬೈಕಿನ ಕೀ ಅದರೊಳಗೇ ಇಟ್ಟ. ಮನೆಗೆ ಹೊರಟಾಗ ಕೀ ಹುಡುಕಬೇಕು, ಆಗ ಫ್ರಿಜ್ ಆನ್ ಮಾಡೋದು ನೆನಪಾಗುತ್ತೆ. ನಮ್ಮವರ ಹಳೇ ಉಪಾಯ ಇದು. ಆದರೆ ಊಟದ ಹೊತ್ತಿಗೆ ಮನೆಯ ಯಜಮಾನಿ, ಹಾಲು ಕೆಡುತ್ತಲ್ಲಾ ಅಂತ ಸ್ವಿಚ್ ಹಾಕಿ ಹೋದರು. ಆಮೇಲೆ ರೆಕಾರ್ಡರ್ ಮುಂದೆ ಕೂತವನು ಅವನ ಸಹಾಯಕ. ಹೆಡ್‌ಫೋನ್ ಕುತ್ತಿಗೆಗೆ, ಕಣ್ಣು ಸದ್ದಿನ ಮಟ್ಟ ತೋರಿಸುವ ಮೀಟರ್ ಮೇಲೆ. ಮೀಟರೇನೋ ಚೆನ್ನಾಗಿಯೇ ಕುಣಿಯುತ್ತಿತ್ತು!

ತಾಯಿಯ ಕ್ಲೋಸಪ್ ಬೆಳಿಗ್ಗೆ ತೆಗೆದದ್ದು, ಮಗಳದು ಮಧ್ಯಾಹ್ನ. ಜೋಡಿಸಿದರೆ ತಾಯಿ ಮಾತಾಡಿದಾಗ ನಿಶ್ಶಬ್ದ, ಮಗಳು ಬಾಯಿ ಬಿಟ್ಟರೆ ಗುಂಯ್. ಮರುದಿನವೇ ಪ್ರಸಾರ. ಮಗಳ ಪಾತ್ರದ ಹುಡುಗಿ ಬೇರೆ ಊರಿಗೆ ಹೋಗಿಯಾಗಿತ್ತು, ಡಬ್ಬಿಂಗ್‌ಗೆ, ಅಂದರೆ ಸ್ಟುಡಿಯೋದಲ್ಲಿ ಅದೇ ಮಾತನ್ನು ಮತ್ತೆ ಆಡಿಸುವುದಕ್ಕೆ, ಸಿಗುವಂತಿರಲಿಲ್ಲ. ‘ಗುಂಯ್ ಅಳಿಸಿಬಿಡಿ’ ಅಂದರು ಎಲ್ಲರೂ. ಪೂರ್ತಿ ಅಳಿಸಿದರೆ ದನಿಯೂ ಸವೆದು, ಡಬ್ಬದೊಳಗಿಂದ ಮಾತಾಡಿದ ಹಾಗಾಗುತ್ತದೆ. ನಾನು ಉಲ್ಟಾ ಮಾಡಿದೆ. ಸ್ವಲ್ಪ ತಗ್ಗಿಸಿ, ಉಳಿದದ್ದನ್ನು ತಾಯಿಯ ಮಾತಿನ ಕೆಳಗೂ ಹಾಕಿದೆ. ಒಂದೇ ಸಮ ಇರುವ ಸದ್ದು ಯಾರ ಗಮನಕ್ಕೂ ಬರುವುದಿಲ್ಲ. ಬಂದು ಹೋಗಿ ಮಾಡಿದರೇನೇ ತೊಂದರೆ. ಇನ್ನೊಂದು ಕಡೆ ‘ಹೋಗ್ತೀನಿ’ಯ ‘ನಿ’ ಮೇಲೆ ಸರಿಯಾಗಿ ಸೌಟು ಬಿದ್ದಿತ್ತು. ಬೇರೆ ಟೇಕ್‌ನಿಂದ ಒಂದು ‘ನಿ’ ತಂದು ಅಂಟಿಸಿದೆ. ಆ ಹುಡುಗಿಗೇ ಗೊತ್ತಾಗಲಿಲ್ಲ!

ಯಾವ ‘ನಿ’ ಹೊಂದುತ್ತದೆ ಅಂತ ಸಾಫ್ಟ್‌ವೇರ್ ಹೇಳುತ್ತದೆಯೇ? ಇಲ್ಲ. ಕಿವಿಯೇ ಹೇಳಬೇಕು.

ಮಾತಿನ ನಡುವಿನ ಸಂದು ತುಂಬಲು ನಮಗೆ ಆ ಕೋಣೆಯದೇ ಸದ್ದು ಬೇಕು. ಅದು ರೂಮ್ ಟೋನ್. ಶೂಟಿಂಗ್ ಮುಗಿದ ಮೇಲೆ ಎಲ್ಲರೂ ಅರ್ಧ ನಿಮಿಷ ಸುಮ್ನೆ ನಿಂತರೆ ಸಾಕು. ಅಷ್ಟಕ್ಕೂ ಗೊಣಗುವ ನಿರ್ದೇಶಕರಿದ್ದಾರೆ, ಹೆಸರು ಬೇಡ ಬಿಡಿ.

ಹಿಂದೆ ಕ್ಯಾಮೆರಾಗಳೇ ಗರಗರ ಅನ್ನುತ್ತಿದ್ದವು. ಹಾಗಾಗಿ ಎಲ್ಲಕ್ಕೂ ಡಬ್ಬಿಂಗ್. 2001ರಲ್ಲಿ ಬಂದ ‘ಲಗಾನ್’ಗೆ ಕಛ್‌ನ ಬಯಲಿನಲ್ಲೇ ಮಾತು ರೆಕಾರ್ಡ್ ಮಾಡಿದರು. ಅದರ ಧ್ವನಿ ಕೆಲಸಕ್ಕೆ ನಕುಲ್ ಕಾಮ್ಟೆ, ಎಚ್. ಶ್ರೀಧರ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಇದರ ಬಗ್ಗೆ ಇನ್ನೂ ಹೇಳಬೇಕಿತ್ತು, ಫ್ರಿಜ್ಜೇ ಅರ್ಧ ಸಮಯ ತಿಂದಿತು.

ಓದುವುದಕ್ಕೆ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಸಂಸ್ಥೆ ಇದೆ. ಪುಣೆ, ಕೋಲ್ಕತ್ತಾದಲ್ಲೂ ಇವೆ. ಶುರುವಿನಲ್ಲಿ ಸಿಗುವುದು ಬೂಮ್, ಅಂದರೆ ಮೈಕ್ ಕಟ್ಟಿದ ಉದ್ದ ಕೋಲು, ಹಿಡಿಯುವ ಕೆಲಸ. ತೋಳು ನೋಯುತ್ತದೆ, ದುಡ್ಡು ಕಡಿಮೆ. ಆದರೂ ಹಿಡಿಯಿರಿ. ಮಾತು ಎಲ್ಲಿ ಕೆಡುತ್ತದೆ ಅನ್ನೋದು ಅಲ್ಲೇ ಗೊತ್ತಾಗೋದು. ಒಳ್ಳೆಯ ಹೆಡ್‌ಫೋನ್ ಒಂದು ಕೊಳ್ಳಿ. ಕುತ್ತಿಗೆಗಲ್ಲ, ಕಿವಿಗೆ ಹಾಕಿಕೊಳ್ಳಿ. ನಮಸ್ಕಾರ.